ಕಮ್ಯುನಿಸ್ಟ್ ಕಾಲದ ಅಪರಾಧಗಳ ಇತಿಹಾಸಕಾರ ಚುನಾವಣೆಗೆ ನಿಲ್ಲಬಹುದಾ?

ಸುಧಾ_ಗ್ದಾನ್ಸ್ಕ್
ಎಲ್ಲರಿಗೂ ನಮಸ್ಕಾರ. ನಾನು ಪೋಲೆಂಡಿನ ಗ್ದಾನ್ಸ್ಕ್‌ನಲ್ಲಿ ಕೆಲಸ ಮಾಡ್ತಿದ್ದೀನಿ. ಆಫೀಸಲ್ಲಿ ಊಟಕ್ಕೆ ಕೂತಾಗೆಲ್ಲ ಒಂದೇ ವಿಷಯಕ್ಕೆ ಜಗಳ. ಅದನ್ನ ಇಲ್ಲಿ ಕೇಳೋಣ ಅನ್ನಿಸ್ತು.

ಈಗಿನ ಅಧ್ಯಕ್ಷ ಕಾರೊಲ್ ನವ್ರೊತ್ಸ್ಕಿ ಇದೇ ಊರಿನವರು. 1983ರಲ್ಲಿ ಹುಟ್ಟಿದವರು, ಕಮ್ಯುನಿಸ್ಟ್ ಆಡಳಿತದ ವಿರುದ್ಧದ ಚಳವಳಿ ಬಗ್ಗೆ ಡಾಕ್ಟರೇಟ್ ಮಾಡಿದವರು. 2021ರಿಂದ ರಾಷ್ಟ್ರೀಯ ಸ್ಮೃತಿ ಸಂಸ್ಥೆಯ ಮುಖ್ಯಸ್ಥರಾಗಿದ್ರು. ಇಲ್ಲಿ ಅದನ್ನ ಐಪಿಎನ್ ಅಂತಾರೆ. ಅದು ಬರೀ ಸಂಶೋಧನಾ ಕೇಂದ್ರ ಅಲ್ಲ. ಹಳೇ ಗುಪ್ತ ಪೊಲೀಸರ ಕಡತಗಳೆಲ್ಲ ಅದರ ವಶದಲ್ಲಿವೆ, ಒತ್ತೊತ್ತಾಗಿ ಜೋಡಿಸಿದ್ರೆ ಸಾಲು 90 ಕಿಲೋಮೀಟರ್ ದಾಟತ್ತೆ. ಅದಕ್ಕೆ ತನ್ನದೇ ಪ್ರಾಸಿಕ್ಯೂಟರ್‌ಗಳಿದ್ದಾರೆ, ಕೇಸು ಹಾಕ್ತಾರೆ. ಚುನಾವಣೆಗೆ ನಿಲ್ಲೋರು ಹಿಂದೆ ಗುಪ್ತ ಪೊಲೀಸರ ಜೊತೆ ಕೆಲಸ ಮಾಡಿದ್ರಾ ಅಂತ ಪರಿಶೀಲಿಸೋದೂ ಅದೇ. ಆ ಕುರ್ಚಿಯಲ್ಲಿ ಕೂತಿದ್ದಾಗಲೇ, 2024ರ ನವೆಂಬರ್‌ನಲ್ಲಿ, ಕಾನೂನು ಮತ್ತು ನ್ಯಾಯ ಪಕ್ಷದ ಬೆಂಬಲದಿಂದ ಅವರು ಅಧ್ಯಕ್ಷ ಸ್ಥಾನದ ಅಭ್ಯರ್ಥಿ ಆದ್ರು. 2025ರ ಜೂನ್ 1ರಂದು ಶೇ. 50.89 ಮತ ತಗೊಂಡು ಗೆದ್ದೂಬಿಟ್ರು.

ನನ್ನ ಸಹೋದ್ಯೋಗಿ ಒಬ್ಬರ ತಂದೆ ಇಲ್ಲಿನ ಹಡಗು ಕಟ್ಟೆಯಲ್ಲಿ ಕೆಲಸಕ್ಕಿದ್ರು. 1970ರ ಡಿಸೆಂಬರ್‌ನಲ್ಲಿ ಬೆಲೆ ಏರಿಕೆ ವಿರುದ್ಧ ಬೀದಿಗಿಳಿದ ಕಾರ್ಮಿಕರ ಮೇಲೆ ಸೈನ್ಯ ಗುಂಡು ಹಾರಿಸಿದ್ದನ್ನ ಕಣ್ಣಾರೆ ಕಂಡವರು. "ಇಷ್ಟು ವರ್ಷ ಯಾರೂ ನಮ್ಮ ಸತ್ತವರ ಹೆಸರು ಎತ್ತಲಿಲ್ಲ, ಎತ್ತಿದವನಿಗೆ ಮತ ಹಾಕಿದೆ" ಅಂತಾರೆ ಅವರು. ಪಕ್ಕದಲ್ಲಿ ಕೂರೋ ಇನ್ನೊಬ್ಬರು "ಎಲ್ಲರ ಕಡತ ಕೈಯಲ್ಲಿಟ್ಟುಕೊಂಡವನು ಮತ ಕೇಳೋಕೆ ಬರಬಾರದು" ಅಂತಾರೆ. ನನಗೆ ಇಬ್ಬರ ಮಾತೂ ಸರಿ ಅನ್ನಿಸತ್ತೆ. ನೀವೇನಂತೀರಿ?

ತುಂಗಾ_ತೀರ
ಜನ ಮತ ಹಾಕಿ ಗೆಲ್ಲಿಸಿದ ಮೇಲೆ ಚರ್ಚೆ ಏನಿದೆ? ಡಾಕ್ಟರು, ವಕೀಲರು, ನಟರು ಎಲ್ಲ ನಿಲ್ತಾರೆ. ಇತಿಹಾಸಕಾರರಿಗೆ ಮಾತ್ರ ಯಾಕೆ ಅಡ್ಡಿ?

ನಿವೃತ್ತ_ಮೇಷ್ಟ್ರು
ತುಂಗಾ ಅವರೇ, ಅಡ್ಡಿ ಇತಿಹಾಸಕಾರರಿಗಲ್ಲ. ನಾನು 30 ವರ್ಷ ಕಾಲೇಜಿನಲ್ಲಿ ಯುರೋಪಿನ ಇತಿಹಾಸ ಪಾಠ ಮಾಡಿದವನು, ಸ್ವಲ್ಪ ವಿವರವಾಗಿ ಹೇಳುತ್ತೇನೆ.

ಗುಪ್ತ ಪೊಲೀಸರ ಕಡತ ಅಂದರೆ ಅದರಲ್ಲಿರುವುದೆಲ್ಲ ನಿಜವೂ ಅಲ್ಲ, ಎಲ್ಲ ಸುಳ್ಳೂ ಅಲ್ಲ. ಒಬ್ಬ ಅಧಿಕಾರಿ ತನ್ನ ಮೇಲಿನವನಿಗೆ ಬರೆದ ವರದಿ ಅದು. ತನಗೆ ಮಾಹಿತಿದಾರರು ಬೇಕಾದಷ್ಟಿದ್ದಾರೆ ಎಂದು ತೋರಿಸಿಕೊಳ್ಳಲು ಅವನಿಗೆ ಕಾರಣವಿತ್ತು. ಬೆದರಿಕೆಗೆ ಹೆದರಿ ಸಹಿ ಹಾಕಿ, ಆಮೇಲೆ ಏನೂ ಹೇಳದವರಿದ್ದಾರೆ. ಸಹಿಯನ್ನೇ ಹಾಕದೆ ನೆರೆಯವರ ಬದುಕು ಹಾಳು ಮಾಡಿದವರೂ ಇದ್ದಾರೆ. ಇಂಥ ಕಾಗದವನ್ನು ಮತ್ತೊಂದು ಕಾಗದದ ಜೊತೆ, ಬದುಕಿರುವವರ ಮಾತಿನ ಜೊತೆ ಹೋಲಿಸಿ ನೋಡಲು ವರ್ಷಗಳೇ ಬೇಕು. ಚುನಾವಣೆಗೆ ಅಷ್ಟು ತಾಳ್ಮೆ ಇರುವುದಿಲ್ಲ.

1980ರಲ್ಲಿ ಗ್ದಾನ್ಸ್ಕ್ ಹಡಗು ಕಟ್ಟೆಯ ಮುಷ್ಕರದ ನಾಯಕರಾಗಿದ್ದು, ಆಮೇಲೆ ಪೋಲೆಂಡಿನ ಅಧ್ಯಕ್ಷರಾದ ಲೆಕ್ ವಲೇಸಾ ಅವರ ವಿಷಯ ತೆಗೆದುಕೊಳ್ಳಿ. 1970ರ ದಶಕದ ಆರಂಭದಲ್ಲಿ ಅವರು "ಬೊಲೆಕ್" ಎಂಬ ಗುಪ್ತನಾಮದಲ್ಲಿ ಮಾಹಿತಿ ಕೊಡುತ್ತಿದ್ದರು ಎಂದು ಐಪಿಎನ್‌ನ ಇಬ್ಬರು ಇತಿಹಾಸಕಾರರು 2008ರಲ್ಲಿ ಪುಸ್ತಕ ತಂದರು. 2016ರಲ್ಲಿ ಕಮ್ಯುನಿಸ್ಟ್ ಕಾಲದ ಗೃಹಮಂತ್ರಿ ಕಿಶ್ಚಾಕ್ ಅವರ ವಿಧವೆ, ಗಂಡ ಮನೆಯಲ್ಲಿಟ್ಟಿದ್ದ ಕಡತಗಳನ್ನು ಮಾರಲು ಐಪಿಎನ್‌ಗೇ ಹೋದರು, 90,000 ಜ್ಲೋಟಿ ಕೇಳಿದರು. ಅಧಿಕಾರಿಗಳು ಹಣ ಕೊಡದೆ ಕಡತ ವಶಪಡಿಸಿಕೊಂಡರು. ಕೈಬರಹ ವಲೇಸಾ ಅವರದೇ ಎಂದು 2017ರಲ್ಲಿ ತಜ್ಞರು ಹೇಳಿದರು, ಅವರು ಇಂದಿಗೂ ಒಪ್ಪುವುದಿಲ್ಲ. ಆ ಕಾಗದ ನಿಜವೇ ಇರಲಿ. ಅದರಿಂದ 1980ರ ಮುಷ್ಕರ ನಡೆಸಿದವರು ಯಾರು ಎನ್ನುವುದು ಬದಲಾಗುತ್ತದೆಯೇ? ಇತಿಹಾಸಕಾರ ಎರಡನ್ನೂ ಒಟ್ಟಿಗೆ ಬರೆಯಬಲ್ಲ. ಪಕ್ಷಕ್ಕೆ ಬೇಕಾದದ್ದು ಒಂದೇ. ಆ 2008ರ ಪುಸ್ತಕದ ಇಬ್ಬರಲ್ಲಿ ಒಬ್ಬರಾದ ತ್ಸೆಂತ್ಸ್ಕೇವಿಚ್ ಅವರನ್ನೇ 2025ರಲ್ಲಿ ನವ್ರೊತ್ಸ್ಕಿ ತಮ್ಮ ರಾಷ್ಟ್ರೀಯ ಭದ್ರತಾ ಕಚೇರಿಗೆ ಮುಖ್ಯಸ್ಥರನ್ನಾಗಿ ಮಾಡಿದರು.

ತಾರ್ತು_ಹುಡುಗ
ಮೇಷ್ಟ್ರೇ, ಎಲ್ಲರನ್ನೂ ಒಂದೇ ತಕ್ಕಡಿಯಲ್ಲಿ ತೂಗಬೇಡಿ. ನಾನು ಎಸ್ಟೋನಿಯಾದ ತಾರ್ತುನಲ್ಲಿ ಓದ್ತಿದ್ದೀನಿ. ಇಲ್ಲಿನ ಮಾಜಿ ಪ್ರಧಾನಿ ಮಾರ್ಟ್ ಲಾರ್ ಕಥೆ ಬೇರೆನೇ ಇದೆ.

ಲಾರ್ ಇದೇ ವಿಶ್ವವಿದ್ಯಾಲಯದಲ್ಲಿ ಇತಿಹಾಸ ಓದಿದವರು, ಸ್ಕೂಲ್ ಮೇಷ್ಟ್ರಾಗಿದ್ದವರು. 1988ರಲ್ಲಿ, ಅಂದ್ರೆ ಸೋವಿಯತ್ ಇನ್ನೂ ಇದ್ದಾಗಲೇ, 1941ರಲ್ಲಿ ಸೋವಿಯತ್ "ವಿನಾಶ ದಳಗಳು" ಎಸ್ಟೋನಿಯಾದ ಹಳ್ಳಿಗಳಲ್ಲಿ ನಡೆಸಿದ ಕೊಲೆಗಳ ಬಗ್ಗೆ ಒಂದು ಪತ್ರಿಕೆಯಲ್ಲಿ ಲೇಖನ ಬರೆದ್ರು. ಅದಕ್ಕೆ ಅವರ ಮೇಲೆ ಕ್ರಿಮಿನಲ್ ತನಿಖೆ ಶುರುವಾಯ್ತು, ಆಮೇಲೆ ಕೈಬಿಟ್ರು. ಯಾವ ಕಡತವೂ ಕೈಯಲ್ಲಿರಲಿಲ್ಲ. ಹಳ್ಳಿ ಹಳ್ಳಿಗೆ ಹೋಗಿ ಮುದುಕರನ್ನ ಮಾತಾಡಿಸಿ, "ಕಾಡಿನ ಸಹೋದರರು" ಅಂತ ಕರೆಯೋ, ಸೋವಿಯತ್ ಆಡಳಿತದ ವಿರುದ್ಧ ಹೋರಾಡಿದ ಗೆರಿಲ್ಲಾಗಳ ನೆನಪುಗಳನ್ನ ಬರೆದುಕೊಂಡ್ರು. ಆ ಸಹೋದರರಲ್ಲಿ ಕೊನೆಯವನು ಅಂತ ಹೇಳೋ ಆಗಸ್ಟ್ ಸಾಬೆ 1978ರವರೆಗೂ ತಲೆಮರೆಸಿಕೊಂಡಿದ್ದ. ಮೀನು ಹಿಡಿಯೋರ ವೇಷದಲ್ಲಿ ಕೆಜಿಬಿಯವರು ಬಂದು ಹಿಡಿಯೋಕೆ ಹೋದಾಗ ವೊಹಂಡು ನದಿಯಲ್ಲಿ ಮುಳುಗಿ ಸತ್ತ. ಎರಡನೇ ಮಹಾಯುದ್ಧ ಮುಗಿದು 33 ವರ್ಷ ಆಗಿತ್ತು!

1992ರಲ್ಲಿ ಲಾರ್ ಪ್ರಧಾನಿಯಾದಾಗ ವಯಸ್ಸು 32. ಅವರು ಗೆದ್ದ ಮೇಲೆ ಮಾಡಿದ್ದು ಕಡತ ಹಿಡಿದು ಬೆದರಿಸೋದಲ್ಲ. 1994ರ ಜನವರಿಯಿಂದ ಎಲ್ಲರಿಗೂ ಶೇ. 26ರ ಒಂದೇ ದರದ ಆದಾಯ ತೆರಿಗೆ ತಂದ್ರು. ಅದೇ ವರ್ಷ ಆಗಸ್ಟ್ 31ಕ್ಕೆ ರಷ್ಯಾದ ಸೈನ್ಯ ದೇಶ ಬಿಟ್ಟು ಹೋಯ್ತು.

ಕರಾವಳಿ_ಶೆಟ್ರು
ಮಾರಾಯ್ರೇ, ಲಾರ್ ಅಷ್ಟು ಪುಣ್ಯಾತ್ಮ ಆದ್ರೆ 1994ರ ಸೆಪ್ಟೆಂಬರಿನಲ್ಲಿ ಅವಿಶ್ವಾಸ ನಿರ್ಣಯದಲ್ಲಿ ಯಾಕೆ ಬಿದ್ದದ್ದು? ಹೊಸ ನಾಣ್ಯ ಬಂದ ಮೇಲೆ ಜನರಿಂದ ಸಂಗ್ರಹಿಸಿದ ಹಳೇ ರೂಬಲ್‌ಗಳನ್ನು ಗುಟ್ಟಾಗಿ ಚೆಚೆನ್ಯಾಕ್ಕೆ ಮಾರಿದ ಪ್ರಕರಣ ಅಲ್ವಾ ಅದು? ಅದನ್ನೂ ಹೇಳಿ.

ತಾರ್ತು_ಹುಡುಗ
ಹೌದು ಶೆಟ್ರೇ, ಅದೂ ನಡೆದದ್ದೇ. ಆದ್ರೆ ಅದು ಹಣದ ವಿಷಯ, ಇತಿಹಾಸದ್ದಲ್ಲ. ಜನ 1999ರಲ್ಲಿ ಮತ್ತೆ ಅವರನ್ನ ಪ್ರಧಾನಿ ಮಾಡಿದ್ರು.

ಕೆಂಬಾವುಟ_ರವಿ
ಇಲ್ಲಿ ಯಾರೂ ಒಂದು ಪ್ರಶ್ನೆ ಕೇಳ್ತಿಲ್ಲ. "ಕಮ್ಯುನಿಸ್ಟ್ ಅಪರಾಧ" ಅಂತ ಒಂದೇ ಹಣೆಪಟ್ಟಿ ಹಚ್ಚಿ 45 ವರ್ಷದ ಎಲ್ಲವನ್ನೂ ಅದರೊಳಗೆ ತುರುಕಿದ್ರೆ ಅದು ಇತಿಹಾಸ ಆಗತ್ತಾ? ನೆಲಸಮ ಆಗಿದ್ದ ವಾರ್ಸಾ ಮತ್ತೆ ಎದ್ದು ನಿಂತಿದ್ದು ಯಾರ ಕಾಲದಲ್ಲಿ? ಹಳ್ಳಿ ಮಕ್ಕಳು ಕಾಲೇಜು ಮೆಟ್ಟಿಲು ಹತ್ತಿದ್ದು ಯಾವಾಗ? ಇದನ್ನ ಯಾವ ಸ್ಮೃತಿ ಸಂಸ್ಥೆಯೂ ಬರೆಯಲ್ಲ. ಎಸ್ಟೋನಿಯಾದವರು ಜರ್ಮನ್ ಸಮವಸ್ತ್ರ ಹಾಕಿ ಹೋರಾಡಿದವರನ್ನ ಹೀರೋ ಮಾಡ್ತಾರೆ, ಅದರ ಬಗ್ಗೆ ಮಾತಾಡಿ.

ಸುಧಾ_ಗ್ದಾನ್ಸ್ಕ್
ರವಿ ಅವರೇ, ವಾರ್ಸಾ ಕಟ್ಟಿದ್ದನ್ನ ಯಾರೂ ಅಲ್ಲಗಳೆಯಲ್ಲ. ಆದ್ರೆ 1981ರ ಡಿಸೆಂಬರ್ 16ರಂದು ವುಯೆಕ್ ಕಲ್ಲಿದ್ದಲು ಗಣಿಯಲ್ಲಿ 9 ಜನ ಕಾರ್ಮಿಕರನ್ನ ಪೊಲೀಸರು ಗುಂಡಿಟ್ಟು ಕೊಂದ್ರು. ಕಾರ್ಮಿಕರ ಹೆಸರಲ್ಲಿ ನಡೀತಿದ್ದ ಸರ್ಕಾರವೇ ಕಾರ್ಮಿಕರನ್ನ ಕೊಂದಿದ್ದು ಅದು. ಕಮ್ಯುನಿಸ್ಟ್ ಆಡಳಿತ ಬಿದ್ದ ಮೇಲೂ ಎರಡು ಸಲ ವಿಚಾರಣೆ ನಡೆದು ಯಾರಿಗೂ ಶಿಕ್ಷೆ ಆಗಲಿಲ್ಲ, 2007ರಲ್ಲಿ ಮೂರನೇ ವಿಚಾರಣೆಯಲ್ಲಷ್ಟೇ ಆಯ್ತು. ಆ ಡಿಸೆಂಬರ್‌ನಲ್ಲಿ ದೇಶದ ಮೇಲೆ ಸೈನಿಕ ಆಡಳಿತ ಹೇರಿದ ಜನರಲ್ ಯಾರುಜೆಲ್ಸ್ಕಿ ತೀರ್ಪು ಬರೋ ಮೊದಲೇ 2014ರಲ್ಲಿ ತೀರಿಕೊಂಡ್ರು. ನ್ಯಾಯಾಲಯ ಇಷ್ಟು ತಡ ಮಾಡಿದಾಗ ಜನ ಚುನಾವಣೆಯಲ್ಲಿ ಉತ್ತರ ಹುಡುಕೋದು ನನಗೆ ಅರ್ಥ ಆಗತ್ತೆ.

ತಾರ್ತು_ಹುಡುಗ
ರವಿ, ಜರ್ಮನ್ ಸಮವಸ್ತ್ರದ ಪ್ರಶ್ನೆ ನ್ಯಾಯವಾದದ್ದೇ, ಲಾರ್ ಬರೆದ ಯುದ್ಧ ಇತಿಹಾಸದ ಮೇಲೆ ಅದೇ ಆಕ್ಷೇಪ ಇದೆ. ಆದ್ರೆ ಇನ್ನೊಂದು ಸಂಗತಿ ನೋಡಿ. 1998ರಲ್ಲಿ ಅಧ್ಯಕ್ಷ ಲೆನಾರ್ಟ್ ಮೆರಿ ಒಂದು ಅಂತರರಾಷ್ಟ್ರೀಯ ಆಯೋಗ ಮಾಡಿದ್ರು. ಅದಕ್ಕೆ ಫಿನ್ಲೆಂಡಿನ ಮ್ಯಾಕ್ಸ್ ಯಾಕೊಬ್ಸನ್ ಅಧ್ಯಕ್ಷರು, ಸದಸ್ಯರೆಲ್ಲ ಹೊರದೇಶದವರೇ. ಸೋವಿಯತ್ ಕಾಲದ ಜೊತೆಗೆ ನಾಜಿ ಕಾಲವನ್ನೂ, ಅದರಲ್ಲಿ ಎಸ್ಟೋನಿಯನ್ನರ ಕೈವಾಡವನ್ನೂ ಅವರು ಹೆಸರು ಸಮೇತ ಬರೆದ್ರು. ತಮ್ಮವರ ತಪ್ಪನ್ನ ತಾವೇ ಅಳೆಯೋದು ಬೇಡ ಅಂತ ಹೊರಗಿನವರನ್ನ ಕರೆಸಿದ್ದು ದೊಡ್ಡ ವಿಷಯ.

ಚಿಕ್ಕೋಡಿ_ಮಂದಿ
ನಂದೊಂದು ಮಾತು ಕೇಳ್ರಿ. ಪೋಲಂಡ್ ಅಂದ್ರ ನಮಗ ದೂರಿಲ್ಲ. ನಮ್ಮೂರಿಂದ ಕೊಲ್ಲಾಪುರ ಹತ್ತರಾನ ಐತಿ, ಅದರ ಬಾಜೂಕ ವಳಿವಡೆ ಅಂತ ಊರು. 1943ರಿಂದ 48ರ ತನಕಾ ಅಲ್ಲಿ ಸುಮಾರು 5,000 ಪೋಲಿಶ್ ಮಂದಿ ಇದ್ರು, ಬಾಳ ಮಾಡಿ ಹೆಣ್ಮಕ್ಕಳು, ಸಣ್ಣ ಹುಡುಗ್ರು. 1940–41ರಾಗ ಸ್ಟಾಲಿನ್ ಮಂದಿ ಅವರನ್ನ ಪೂರ್ವ ಪೋಲಂಡಿಂದ ಎಳಕೊಂಡು ಸೈಬೀರಿಯಾ, ಕಜಕಸ್ತಾನಕ್ಕ ಒಗದಿದ್ರು. ಅಲ್ಲಿಂದ ಇರಾನ್ ಮ್ಯಾಲೆ ಹಾಯ್ದು ಇಲ್ಲಿ ಬಂದ್ರು. ಸಾಲಿ, ಚರ್ಚು, ಅಂಗಡಿ ಎಲ್ಲಾ ಕಟ್ಕೊಂಡು ಒಂದು ಊರನ್ನ ಮಾಡಿದ್ರು. ನಮ್ಮಜ್ಜ ಅವರಿಗೆ ಬಂಡಿಯೊಳಗ ಕಾಯಿಪಲ್ಲೆ ಒಯ್ದು ಹಾಕ್ತಿದ್ರಂತ. ಯುದ್ಧ ಮುಗದ ಮ್ಯಾಲೂ ಬಾಳ ಮಂದಿ ತಿರುಗಿ ಪೋಲಂಡಿಗೆ ಹೋಗಲಿಲ್ಲ, ಅಲ್ಲಿ ಅದ ಆಳಿಕಿ ಕುಂತಿತ್ತು. ಇಂಗ್ಲಂಡು, ಮತ್ತೆಲ್ಲೆಲ್ಲೋ ಹೋದ್ರು.

ಹಿಂಗಾಗಿ "ಕಮ್ಯುನಿಸ್ಟ್ ಅಪರಾಧ" ಅನ್ನೂದು ಬರೇ ಪಾರ್ಟಿ ಪ್ರಚಾರ ಅಂತ ಯಾರರ ಅಂದ್ರ ನನಗ ಸಿಟ್ಟು ಬರ್ತೈತಿ.

ನಿವೃತ್ತ_ಮೇಷ್ಟ್ರು
ಚಿಕ್ಕೋಡಿಯವರೇ, ಒಳ್ಳೆಯ ವಿಷಯ ತಂದಿರಿ. ಈ ಗಡೀಪಾರಿನ ಸಂಖ್ಯೆಯೇ ನಾನು ಹೇಳಬೇಕೆಂದಿದ್ದ ಉದಾಹರಣೆ. ದೇಶ ಬಿಟ್ಟ ಪೋಲಿಶ್ ಸಮುದಾಯ ದಶಕಗಳ ಕಾಲ ಹತ್ತು ಲಕ್ಷಕ್ಕೂ ಹೆಚ್ಚು ಜನ ಎಂದು ಲೆಕ್ಕ ಹಾಕಿತ್ತು. ಸೋವಿಯತ್ ಒಕ್ಕೂಟ ಬಿದ್ದು ಕಡತ ತೆರೆದಾಗ, ನಾಲ್ಕು ದೊಡ್ಡ ಗಡೀಪಾರುಗಳಲ್ಲಿ ಸಾಗಿಸಿದವರ ಸಂಖ್ಯೆ ಸುಮಾರು 3,20,000 ಎಂದು ತಿಳಿಯಿತು. ಬದುಕಿ ಬಂದವರಲ್ಲಿ ಅನೇಕರಿಗೆ ಇದು ತಮ್ಮ ನೋವನ್ನು ಸಣ್ಣದು ಮಾಡಿದಂತೆ ಕಂಡಿತು. ಆದರೆ ಪೋಲೆಂಡಿನ ಇತಿಹಾಸಕಾರರೇ ಆ ಸಣ್ಣ ಸಂಖ್ಯೆಯನ್ನು ಒಪ್ಪಿ ಪ್ರಕಟಿಸಿದರು. ವೇದಿಕೆ ಹತ್ತಿದವನು ಹತ್ತು ಲಕ್ಷವನ್ನು ಬಿಟ್ಟುಕೊಡುತ್ತಾನೆಯೇ? ನನ್ನ ಭಯ ಇರುವುದು ಅಲ್ಲಿ.

ಕೆಂಬಾವುಟ_ರವಿ
ಮೇಷ್ಟ್ರು ಹೇಳಿದ್ದೇ ನಾನೂ ಹೇಳ್ತಿರೋದು.

ಚಿಕ್ಕೋಡಿ_ಮಂದಿ
ಅಲ್ರೀ ರವಿ, ಮೇಷ್ಟ್ರು ಹೇಳಿದ್ದು ಬ್ಯಾರೆ. ಮೂರು ಲಕ್ಷ ಇಪ್ಪತ್ತು ಸಾವಿರನೂ ಮಂದಿನ ಅದಾರ.

ರೆಕಾರ್ಡ್_ರೂಮ್_ರಂಗಣ್ಣ
ನಾನು ಒಂದು ಸರ್ಕಾರಿ ಕಚೇರಿಯ ರೆಕಾರ್ಡ್ ರೂಮಿನಲ್ಲಿ ಇಡೀ ಸರ್ವೀಸ್ ಕಳೆದವನು. ಕಡತದ ಬಗ್ಗೆ ಮಾತು ಬಂದಿದ್ದಕ್ಕೆ ಬರೀತಿದ್ದೀನಿ. ಕಡತದೊಳಗೆ ಏನಿದೆ ಅನ್ನೋದರಷ್ಟೇ ಮುಖ್ಯ, ಅದನ್ನ ಯಾರು, ಯಾವತ್ತು, ಯಾರ ಷರಾ ಮೇಲೆ ಹೊರಗೆ ತೆಗೆದ್ರು ಅನ್ನೋದು. ಚಲನವಲನದ ವಹಿ ನೋಡಿದ್ರೆ ಅರ್ಧ ರಾಜಕೀಯ ಅರ್ಥ ಆಗಿಬಿಡತ್ತೆ. ಹತ್ತು ವರ್ಷ ಯಾರೂ ಮುಟ್ಟದ ಕಡತ ಚುನಾವಣೆ ಹತ್ತಿರ ಬಂದಾಗ ದಿಢೀರ್ ಮೇಜಿಗೆ ಬಂದ್ರೆ, ಒಳಗಿನ ಕಾಗದ ಅಸಲಿಯೇ ಇದ್ರೂ ತರಿಸಿದವನ ಉದ್ದೇಶ ಬೇರೆ ಅಂತ ತಿಳೀಬೇಕು. ಸುಧಾ ಅವರ ಸಹೋದ್ಯೋಗಿ ಹೇಳೋದ್ರಲ್ಲಿ ತೂಕ ಇದೆ. ಬೀರುವಿನ ಕೀಲಿ ಇಟ್ಟುಕೊಂಡವರು ಅಭ್ಯರ್ಥಿ ಆಗಬಾರದು. ಆಗಬೇಕಾ, ಕೀಲಿ ಮೊದಲು ಬೇರೆಯವರಿಗೆ ಒಪ್ಪಿಸಲಿ.

ಲ್ವಿವ್_ನೋಡಿದವಳು
ಉಕ್ರೇನಿನ ವೊಲೊದಿಮಿರ್ ವ್ಯಾತ್ರೊವಿಚ್ ಅವರನ್ನೂ ಈ ಪಟ್ಟಿಗೆ ಸೇರಿಸಬೇಕು. ಲ್ವಿವ್‌ನ ಇತಿಹಾಸಕಾರ, 2014ರಿಂದ 2019ರವರೆಗೆ ಅಲ್ಲಿನ ಸ್ಮೃತಿ ಸಂಸ್ಥೆಯ ಮುಖ್ಯಸ್ಥ, ಆಮೇಲೆ ಸಂಸದ. 2015ರ ಕಾನೂನುಗಳ ಹಿಂದೆ ಇದ್ದದ್ದು ಅವರೇ. ಅದರಲ್ಲಿ ಒಂದು ಕೆಜಿಬಿ ಕಡತಗಳನ್ನ ಎಲ್ಲರಿಗೂ ತೆರೆದಿಟ್ಟಿತು. ರೆಕಾರ್ಡ್ ರೂಮಿನ ರಂಗಣ್ಣನವರಿಗೆ ಇದು ಇಷ್ಟ ಆಗಬಹುದು, ಯಾಕಂದ್ರೆ ಕೀಲಿ ಯಾರೊಬ್ಬರ ಹತ್ರಾನೂ ಉಳಿಯಲಿಲ್ಲ. ತಮ್ಮ ಅಜ್ಜನ ಕಡತ ನೋಡಬೇಕು ಅನ್ನೋ ಮೊಮ್ಮಗ ಹೋಗಿ ಅರ್ಜಿ ಕೊಟ್ಟು ನೋಡಬಹುದು. ಆದ್ರೆ ಅದರ ಜೊತೆಗೇ ಬಂದ ಇನ್ನೊಂದು ಕಾನೂನು, ಉಕ್ರೇನ್ ಸ್ವಾತಂತ್ರ್ಯ ಹೋರಾಟಗಾರರಿಗೆ ಅಗೌರವ ತೋರಿಸೋದು ಕಾನೂನುಬಾಹಿರ ಅಂತ ಹೇಳ್ತು. ಆ ಹೋರಾಟಗಾರರಲ್ಲಿ 1943ರಲ್ಲಿ ಈಗಿನ ಪಶ್ಚಿಮ ಉಕ್ರೇನಿನ ವೊಲಿನ್‌ನಲ್ಲಿ ಸಾವಿರಾರು ಪೋಲಿಶ್ ಹಳ್ಳಿಗರನ್ನ ಕೊಂದ ಪಡೆಯೂ ಸೇರಿತ್ತು. ವಿದೇಶದ ಇತಿಹಾಸಕಾರರು ಹಲವರು ಬಹಿರಂಗ ಪತ್ರ ಬರೆದು ವಿರೋಧಿಸಿದ್ರು. ಒಂದೇ ಮನುಷ್ಯ, ಒಂದೇ ವರ್ಷ, ಎರಡು ಕಾನೂನು. ಮೊದಲನೇದಕ್ಕೆ ನನ್ನ ಪೂರ್ತಿ ಬೆಂಬಲ, ಎರಡನೇದಕ್ಕೆ ಇಲ್ಲ.

ಹೊಸಬ_ನಾಗ
ಇದೆಲ್ಲ ಬಿಡಿ, ನಮ್ಮ ವಿಧಾನಸಭೆಯಲ್ಲಿ ಇತಿಹಾಸ ಗೊತ್ತಿರೋರು ಎಷ್ಟು ಜನ ಇದ್ದಾರೆ? ನಮ್ಮ ಕ್ಷೇತ್ರದಲ್ಲಿ ಹೋದ ಸಲ...

ನಿರ್ವಾಹಕ
ನಾಗ ಅವರೇ, ನಮ್ಮ ರಾಜ್ಯದ ರಾಜಕೀಯಕ್ಕೆ ಬೇರೆ ಎಳೆ ಇದೆ, ದಯವಿಟ್ಟು ಅಲ್ಲಿ ಬರೆಯಿರಿ. ಮುಂದಿನ ಭಾಗ ಅಳಿಸಿದ್ದೇನೆ.

ಸುಧಾ_ಗ್ದಾನ್ಸ್ಕ್
ಮೇಷ್ಟ್ರ ಭಯ ಸುಮ್ಮನೆ ಅಲ್ಲ ಅನ್ನೋದಕ್ಕೆ ಇಲ್ಲಿಯ ಎರಡು ಕಥೆ ಹೇಳ್ತೀನಿ.

ದನೂತಾ ಶೆಜಿಕುವ್ನಾ ಅಂತ ಒಬ್ಬ ಹುಡುಗಿ, ಅಡ್ಡಹೆಸರು ಇನ್ಕಾ. ಕಮ್ಯುನಿಸ್ಟರ ವಿರುದ್ಧ ಹೋರಾಡ್ತಿದ್ದ ಭೂಗತ ಪಡೆಯಲ್ಲಿ ಗಾಯಾಳುಗಳ ಆರೈಕೆ ಮಾಡ್ತಿದ್ದವಳು. 1946ರ ಆಗಸ್ಟ್ 28ರಂದು ಇದೇ ಗ್ದಾನ್ಸ್ಕ್ ಜೈಲಿನಲ್ಲಿ ಗುಂಡಿಟ್ಟು ಕೊಂದ್ರು. 18 ತುಂಬೋಕೆ ಇನ್ನು ಆರು ದಿನ ಇತ್ತು. ಜೈಲಿನಿಂದ ಗುಟ್ಟಾಗಿ ಕಳಿಸಿದ ಚೀಟಿಯಲ್ಲಿ "ನಾನು ಹೇಗೆ ನಡೆದುಕೊಳ್ಳಬೇಕೋ ಹಾಗೇ ನಡೆದುಕೊಂಡೆ ಅಂತ ಅಜ್ಜಿಗೆ ಹೇಳಿ" ಅಂತ ಬರೆದಿದ್ಲು. ಹೆಣ ಎಲ್ಲಿ ಹೂತ್ರು ಅಂತ ಯಾರಿಗೂ ಹೇಳಲಿಲ್ಲ. 2014ರಲ್ಲಿ ಐಪಿಎನ್ ತಂಡ ಇಲ್ಲಿನ ಸೈನಿಕ ಸ್ಮಶಾನದಲ್ಲಿ ಅಗೆದು ಅವಳ ಮೂಳೆ ಪತ್ತೆ ಮಾಡ್ತು, ಡಿಎನ್‌ಎ ಪರೀಕ್ಷೆಯಿಂದ ಅವಳದೇ ಅಂತ ಖಚಿತ ಆಯ್ತು. ಸತ್ತು ಸರಿಯಾಗಿ 70 ವರ್ಷಕ್ಕೆ, 2016ರ ಅದೇ ದಿನ, ಸರ್ಕಾರಿ ಗೌರವದಿಂದ ಮಣ್ಣು ಮಾಡಿದ್ರು. ಈ ಕೆಲಸಕ್ಕೆ ಕೈ ಮುಗೀತೀನಿ. ಐಪಿಎನ್ ಇಲ್ಲದಿದ್ರೆ ಯಾರು ಮಾಡ್ತಿದ್ರು?

ಇನ್ನೊಂದು, ಅದೇ ಭೂಗತ ಪಡೆಗಳಲ್ಲಿ ಒಬ್ಬ ದಳಪತಿ, ರೊಮುವಾಲ್ದ್ ರೈಸ್, ಅಡ್ಡಹೆಸರು ಬೂರಿ. 1946ರ ಚಳಿಗಾಲದಲ್ಲಿ ಅವನ ಪಡೆ ಪೂರ್ವದ ಕಡೆ ಬೆಲರೂಸಿ ಆರ್ಥೊಡಾಕ್ಸ್ ಹಳ್ಳಿಗಳಿಗೆ ಬೆಂಕಿ ಇಟ್ಟು ಜನರನ್ನ ಕೊಂದಿತು, ಸತ್ತವರಲ್ಲಿ ಮಕ್ಕಳೂ ಇದ್ರು. ಇದರಲ್ಲಿ ನರಮೇಧದ ಲಕ್ಷಣಗಳಿವೆ ಅಂತ 2005ರಲ್ಲಿ ಐಪಿಎನ್ ಪ್ರಾಸಿಕ್ಯೂಟರೇ ತನಿಖೆ ಮುಗಿಸಿ ಬರೆದಿದ್ರು. 2019ರಲ್ಲಿ ಅದೇ ಐಪಿಎನ್ ಆ ತೀರ್ಮಾನದಲ್ಲಿ ದೋಷ ಇದೆ ಅಂತ ಹೇಳಿಕೆ ಕೊಟ್ಟು ಅವನ ಪರ ನಿಂತಿತು. ಆಗ ನವ್ರೊತ್ಸ್ಕಿ ಅದರ ಮುಖ್ಯಸ್ಥರಾಗಿರಲಿಲ್ಲ, ಅದನ್ನ ಹೇಳಲೇಬೇಕು. ಆದ್ರೆ ಆ ಮಧ್ಯೆ 2011ರಿಂದ ಮಾರ್ಚ್ 1 "ಶಾಪಗ್ರಸ್ತ ಸೈನಿಕರ", ಅಂದ್ರೆ ಈ ಭೂಗತ ಹೋರಾಟಗಾರರ, ರಾಷ್ಟ್ರೀಯ ದಿನ ಆಗಿತ್ತು. ವೀರರ ಪಟ್ಟಿ ಮೊದಲು ಸಿದ್ಧ ಆಗಿ, ತನಿಖಾ ವರದಿ ಆಮೇಲೆ ಅದಕ್ಕೆ ಹೊಂದಿಕೊಂಡರೆ ಆ ಹಳ್ಳಿಗಳ ಮೊಮ್ಮಕ್ಕಳು ಯಾರ ಹತ್ರ ಹೋಗಬೇಕು?

ಲ್ವಿವ್_ನೋಡಿದವಳು
ಸುಧಾ, ಈ ಬೂರಿ ವಿಷಯ ಗೊತ್ತಿರಲಿಲ್ಲ. ಉಕ್ರೇನ್ ಕಾನೂನನ್ನ ಟೀಕಿಸೋ ಪೋಲಿಶ್ ರಾಜಕಾರಣಿಗಳು ಇದನ್ನೂ ಓದಲಿ.

ಕರಾವಳಿ_ಶೆಟ್ರು
ನವ್ರೊತ್ಸ್ಕಿ ಒಬ್ಬ ಪಾತಕಿಯ ಬಗ್ಗೆ ಬೇರೆ ಹೆಸರಲ್ಲಿ ಪುಸ್ತಕ ಬರೆದು, 2018ರಲ್ಲಿ ಮುಖ ಮಬ್ಬು ಮಾಡಿಸಿಕೊಂಡು ಟೀವಿಯಲ್ಲಿ ಆ ಬೇರೆ ಹೆಸರಿನ ಲೇಖಕನಾಗಿ ಕೂತು ನವ್ರೊತ್ಸ್ಕಿಯನ್ನೇ ಹೊಗಳಿದ್ದರಲ್ಲ. ಸಾಕ್ಷಿಯ ವಿಷಯದಲ್ಲಿ ಹೀಗೆ ಮಾಡುವ ಮನುಷ್ಯನ ಕೈಗೆ ಸಾಕ್ಷಿಗಳ ಭಂಡಾರ ಕೊಟ್ಟದ್ದೇ ತಪ್ಪು.

ತುಂಗಾ_ತೀರ
ಶೆಟ್ರೇ, ಗುಪ್ತನಾಮದಲ್ಲಿ ಬರೆಯೋದು ಅಪರಾಧ ಅಲ್ಲ. ಸೋವಿಯತ್ ಸ್ಮಾರಕಗಳನ್ನ ಕೆಡವಿಸಿದ್ದಕ್ಕೆ 2024ರಲ್ಲಿ ರಷ್ಯಾ ಅವರ ಹೆಸರನ್ನ ಬೇಕಾದವರ ಪಟ್ಟಿಗೆ ಹಾಕ್ತು. ಅದನ್ನ ಎದುರಿಸಿದ ಧೈರ್ಯ ಲೆಕ್ಕಕ್ಕಿಲ್ವಾ?

ಕರಾವಳಿ_ಶೆಟ್ರು
ಧೈರ್ಯ ಬೇರೆ, ಪ್ರಾಮಾಣಿಕತೆ ಬೇರೆ. ಬರೆದವ ತನ್ನನ್ನು ತಾನೇ ಹೊಗಳಿಕೊಂಡದ್ದು ನನ್ನ ತಕರಾರು.

ನಿವೃತ್ತ_ಮೇಷ್ಟ್ರು
ಗ್ದಾನ್ಸ್ಕ್‌ನ ಎರಡನೇ ಮಹಾಯುದ್ಧ ಸಂಗ್ರಹಾಲಯದ ವಿಷಯವೂ ಇಲ್ಲಿಗೆ ಸಂಬಂಧಿಸಿದ್ದೇ. 2017ರ ಮಾರ್ಚ್‌ನಲ್ಲಿ ಅದು ತೆರೆಯಿತು, ಏಪ್ರಿಲ್‌ನಲ್ಲಿ ಅದನ್ನು ಕಟ್ಟಿದ ನಿರ್ದೇಶಕ ಮಾಖ್ತ್ಸೇವಿಚ್ ಅವರನ್ನು ಸರ್ಕಾರ ಇಳಿಸಿ ನವ್ರೊತ್ಸ್ಕಿಯವರನ್ನು ತಂದಿತು. ಯುದ್ಧ 1945ಕ್ಕೆ ಮುಗಿಯಲಿಲ್ಲ, ಜಗತ್ತಿನ ಬೇರೆ ಬೇರೆ ಕಡೆ ಸಾಮಾನ್ಯರ ಮೇಲೆ ಮುಂದುವರಿಯಿತು ಎಂದು ತೋರಿಸುವ ಕೊನೆಯ ಕಿರುಚಿತ್ರವನ್ನು ತೆಗೆದು ಪೋಲೆಂಡಿನ ಶೌರ್ಯ ಹೇಳುವ ಐಪಿಎನ್ ಅನಿಮೇಷನ್ ಹಾಕಿದರು. ಚುನಾವಣೆಗೆ ನಿಲ್ಲುವ ಎಷ್ಟೋ ವರ್ಷ ಮೊದಲೇ ಇದು ನಡೆದದ್ದು.

ರೆಕಾರ್ಡ್_ರೂಮ್_ರಂಗಣ್ಣ
ಹಾಗಾದ್ರೆ ಒಂದು ನಿಯಮ ಮಾಡಲಿ. ಇಂಥ ಸಂಸ್ಥೆಯ ಮುಖ್ಯಸ್ಥರಾಗಿದ್ದವರು ಕೆಳಗಿಳಿದು 5 ವರ್ಷ ಯಾವ ಚುನಾವಣೆಗೂ ನಿಲ್ಲಬಾರದು. ಜೊತೆಗೆ ಉಕ್ರೇನಿನ ಹಾಗೆ ಕಡತ ಎಲ್ಲರಿಗೂ ಮುಕ್ತ ಆಗಲಿ.

ತುಂಗಾ_ತೀರ
5 ವರ್ಷ ಅಂದ್ರೆ ಅವರ ಹಕ್ಕು ಕಿತ್ತುಕೊಂಡ ಹಾಗೆ. ನಾನು ಒಪ್ಪಲ್ಲ. ಮತದಾರರಿಗೆ ಬುದ್ಧಿ ಇದೆ.

ತಾರ್ತು_ಹುಡುಗ
ರಂಗಣ್ಣ ಅವರ ನಿಯಮಕ್ಕೆ ನನ್ನ ಒಪ್ಪಿಗೆ ಇದೆ. ಅದು ಬಂದಿದ್ರೂ ಲಾರ್‌ಗೆ ಏನೂ ತೊಂದರೆ ಆಗ್ತಿರಲಿಲ್ಲ, ಅವರ ಹತ್ರ ಇದ್ದಿದ್ದು ಜನ ಹೇಳಿದ ಕಥೆಗಳು ಮಾತ್ರ.

ಸುಧಾ_ಗ್ದಾನ್ಸ್ಕ್
ಐಪಿಎನ್ ಅಧ್ಯಕ್ಷರನ್ನ ಆರಿಸೋದು ಇಲ್ಲಿನ ಕೆಳಮನೆ, ಮೇಲ್ಮನೆ ಒಪ್ಪಬೇಕು, ಅವಧಿ 5 ವರ್ಷ. ಮುಂದೆ ಯಾರೇ ಬರಲಿ, ಬರೋ ಮೊದಲೇ ಈ ನಿಯಮ ಬರಬೇಕು ಅಂತ ನನಗೂ ಅನ್ನಿಸ್ತಿದೆ. ನಾಳೆ ಊಟಕ್ಕೆ ಕೂತಾಗ ರಂಗಣ್ಣ ಅವರ ಮಾತನ್ನ ಇಬ್ಬರ ಮುಂದೆಯೂ ಇಡ್ತೀನಿ. ಚಿಕ್ಕೋಡಿ ಅಣ್ಣ, ವಳಿವಡೆಯಲ್ಲಿ ಈಗ ಏನಾದ್ರೂ ಉಳಿದಿದ್ಯಾ? ಡಿಸೆಂಬರ್‌ನಲ್ಲಿ ಊರಿಗೆ ಬರ್ತಿದ್ದೀನಿ, ಆ ಶಿಪ್‌ಯಾರ್ಡ್ ತಂದೆಯವರಿಗೆ ಫೋಟೋ ತಗೊಂಡು ಹೋಗಬೇಕು.

ಚಿಕ್ಕೋಡಿ_ಮಂದಿ
ಕ್ಯಾಂಪಿನ ಹಳೇ ಮನಿ ಬಾಳ ಉಳದಿಲ್ರೀ ತಂಗಿ. ಆದ್ರ ಕೊಲ್ಲಾಪುರದ ಮಹಾವೀರ ಗಾರ್ಡನ್‌ನ್ಯಾಗ ಅವರ ಸ್ಮಾರಕ ಐತಿ. ಬರೂ ಮುಂದ ಇಲ್ಲೇ ಒಂದು ಮೆಸೇಜ್ ಹಾಕ್ರಿ, ನಮ್ಮ ಗಾಡಿಯೊಳಗ ಕರ್ಕೊಂಡು ಹೋಗ್ತೀವಿ. ಮನ್ಯಾಗ ಊಟಾನೂ ಮಾಡ್ಕೊಂಡ ಹೋಗೂರಂತ.